ಗೇಮ್ ನಮ್ಮನ್ನು ಬೇಕಂತಲೇ ಸೋಲಿಸುತ್ತದೆಯೇ?

ಮಧ್ಯಾಹ್ನದ ಬಿಡುವಿನಲ್ಲಿ ನಮ್ಮ ಕ್ಯಾಂಟೀನಿನ ಯಾವ ಮೇಜಿನ ಹತ್ತಿರ ಕೂತರೂ ಒಂದು ಮಾತು ಕಿವಿಗೆ ಬಿದ್ದೇ ಬೀಳುತ್ತದೆ. “ಎಂತ ಮಾರಾಯ, ನಾಲ್ಕು ಮ್ಯಾಚ್ ಗೆದ್ದ ಕೂಡಲೇ ಈ ಗೇಮ್ ಬೇಕಂತ ಬೇಕಾರ್ ಟೀಮ್ ಕೊಟ್ಟು ಸೋಲಿಸ್ತದೆ!” ಇದನ್ನು ಹೇಳದ ಹುಡುಗರು ಕಡಿಮೆ. ನಾನೂ ಒಂದು ವರ್ಷ ಇದನ್ನೇ ಹೇಳಿಕೊಂಡು ತಿರುಗಿದವನು. ಈಗ ಹೇಳುವುದಿಲ್ಲ. ಯಾಕೆ ಹೇಳುವುದಿಲ್ಲ ಎಂಬುದನ್ನು ಬರೆಯುತ್ತೇನೆ. ನನಗೆ ನಾಚಿಕೆಯಾಗುವ ಒಂದೆರಡು ವಿಷಯಗಳೂ ಇದರಲ್ಲಿ ಬರುತ್ತವೆ.

ಗೇಮ್ ಆಡದ ಅಧ್ಯಾಪಕರಿಗಾಗಿ ಮೊದಲು ಸ್ವಲ್ಪ ವಿವರ. ನಾನು ಹೇಳುತ್ತಿರುವುದು ಫೋನಿನಲ್ಲಿ ಐವರ ವಿರುದ್ಧ ಐವರು ಆಡುವ ಗೇಮ್‌ಗಳ ಬಗ್ಗೆ. ನಾವು ಒಂದು ಬಟನ್ ಒತ್ತಿದರೆ ಸಾಕು, ಒಂದು ನಿಮಿಷದೊಳಗೆ ನಮಗೆ ನಾಲ್ವರು ಜೊತೆಗಾರರು, ಎದುರಿಗೆ ಐವರು ಸಿಗುತ್ತಾರೆ. ಹತ್ತೂ ಜನರಿಗೆ ಒಬ್ಬರಿಗೊಬ್ಬರ ಪರಿಚಯ ಇರುವುದಿಲ್ಲ. ಯಾರು ಯಾರ ಜೊತೆ ಆಡಬೇಕು ಎಂದು ತೀರ್ಮಾನಿಸುವುದು ಕಂಪ್ಯೂಟರ್. ಇದನ್ನೇ ಮ್ಯಾಚ್‌ಮೇಕಿಂಗ್ ಎನ್ನುತ್ತಾರೆ.

ಈ ಕೆಲಸ ಹೊಸದೇನಲ್ಲ. ಸಂಜೆ ಮೈದಾನದಲ್ಲಿ ಕ್ರಿಕೆಟ್ ಆಡುವಾಗ ಇಬ್ಬರು ಕ್ಯಾಪ್ಟನ್‌ಗಳು ನಿಂತು ಸರದಿಯಂತೆ ಒಬ್ಬೊಬ್ಬರನ್ನು ಕರೆದುಕೊಳ್ಳುತ್ತಾರಲ್ಲ, ಅದೂ ಮ್ಯಾಚ್‌ಮೇಕಿಂಗೇ. ಚೆನ್ನಾಗಿ ಆಡುವವರೆಲ್ಲ ಒಂದೇ ಕಡೆ ಸೇರಿದರೆ ಆಟದಲ್ಲಿ ರುಚಿಯಿಲ್ಲ ಎಂದು ಎಲ್ಲರಿಗೂ ಗೊತ್ತು. ಮೈದಾನದಲ್ಲಿ ಯಾರ ಬೌಲಿಂಗ್ ಹೇಗೆ ಎಂದು ಕ್ಯಾಪ್ಟನ್‌ಗೆ ತಿಳಿದಿರುತ್ತದೆ. ಕಂಪ್ಯೂಟರಿಗೆ ನಮ್ಮ ಮುಖ ಗೊತ್ತಿಲ್ಲ. ಅದಕ್ಕೆ ಬೇಕಾದ್ದು ಒಂದು ಸಂಖ್ಯೆ.

ಆ ಸಂಖ್ಯೆಯ ಮೂಲ ಚೆಸ್‌ನಲ್ಲಿದೆ. ಹಂಗೇರಿಯಲ್ಲಿ ಹುಟ್ಟಿ ಅಮೆರಿಕದಲ್ಲಿ ಭೌತಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಅರ್ಪಾಡ್ ಎಲೋ ರೂಪಿಸಿದ ಪದ್ಧತಿಯನ್ನು ಅಮೆರಿಕದ ಚೆಸ್ ಫೆಡರೇಷನ್ 1960ರಲ್ಲಿ, ವಿಶ್ವ ಚೆಸ್ ಸಂಸ್ಥೆ ಫಿಡೆ 1970ರಲ್ಲಿ ಒಪ್ಪಿಕೊಂಡವು. ಗುಕೇಶ್, ಪ್ರಜ್ಞಾನಂದ ಅವರ ರೇಟಿಂಗ್ ಎಂದು ನಾವು ಪತ್ರಿಕೆಯಲ್ಲಿ ಓದುವುದು ಇದನ್ನೇ. ಲೆಕ್ಕ ಸುಲಭ. ಇಬ್ಬರ ರೇಟಿಂಗ್‌ನ ವ್ಯತ್ಯಾಸ 400 ಇದ್ದರೆ, ಹೆಚ್ಚು ರೇಟಿಂಗ್ ಇರುವವನು ಒಂದು ಆಟದಿಂದ ಸರಾಸರಿ 0.91 ಅಂಕ ಪಡೆಯಬೇಕು ಎಂದು ಸೂತ್ರ ನಿರೀಕ್ಷಿಸುತ್ತದೆ. ವ್ಯತ್ಯಾಸ 200 ಇದ್ದರೆ 0.76. ಸಮನಾಗಿದ್ದರೆ 0.5. ಆಟ ಮುಗಿದ ಮೇಲೆ ನಿರೀಕ್ಷೆಗೂ ಫಲಿತಾಂಶಕ್ಕೂ ಇರುವ ಅಂತರವನ್ನು ಒಂದು ಸಂಖ್ಯೆಯಿಂದ, ಉದಾಹರಣೆಗೆ 20ರಿಂದ, ಗುಣಿಸುತ್ತಾರೆ. 1600ರವನು 1400ರವನನ್ನು ಸೋಲಿಸಿದರೆ ಅವನಿಗೆ ಸಿಗುವುದು ಸುಮಾರು 5 ಅಂಕ. ಸೋತರೆ ಹೋಗುವುದು ಸುಮಾರು 15. “ಗೆದ್ದರೆ ಕಡಿಮೆ ಕೊಡ್ತದೆ, ಸೋತರೆ ಜಾಸ್ತಿ ಕೀಳ್ತದೆ” ಎಂಬ ನಮ್ಮ ದೂರಿಗೆ ಹೆಚ್ಚಿನ ಸಲ ಉತ್ತರ ಇಷ್ಟೇ: ಆ ಪಂದ್ಯದಲ್ಲಿ ನಾವೇ ಬಲಶಾಲಿಗಳೆಂದು ಲೆಕ್ಕ ಹೇಳಿತ್ತು.

ಆದರೆ ಚೆಸ್‌ನಲ್ಲಿ ಆಡುವವರು ಇಬ್ಬರೇ. ಐವರ ತಂಡ ಗೆದ್ದರೆ ಅದರಲ್ಲಿ ಯಾರ ಪಾಲು ಎಷ್ಟು? ಮೈಕ್ರೋಸಾಫ್ಟ್‌ನ ಕೇಂಬ್ರಿಡ್ಜ್ ಸಂಶೋಧನಾಲಯದವರು ಎಕ್ಸ್‌ಬಾಕ್ಸ್ ಲೈವ್‌ಗಾಗಿ ಮಾಡಿದ ಟ್ರೂಸ್ಕಿಲ್ ಎಂಬ ಪದ್ಧತಿ ಇದಕ್ಕೊಂದು ದಾರಿ ತೋರಿಸಿತು. ಅದರಲ್ಲಿ ಪ್ರತಿಯೊಬ್ಬರಿಗೂ ಎರಡು ಸಂಖ್ಯೆಗಳಿವೆ. ಒಂದು, ಇವನ ಸಾಮರ್ಥ್ಯ ಎಷ್ಟಿರಬಹುದು ಎಂಬ ಅಂದಾಜು. ಇನ್ನೊಂದು, ಆ ಅಂದಾಜಿನ ಬಗ್ಗೆ ಎಷ್ಟು ಅನುಮಾನ ಇದೆ ಎಂಬುದು. ಹೊಸಬನ ಅಂದಾಜು 25, ಅನುಮಾನ 8.33. ಅಂದಾಜಿನಿಂದ ಅನುಮಾನದ ಮೂರು ಪಟ್ಟನ್ನು ಕಳೆದು ಬರುವುದನ್ನು ಅವನ ಮಟ್ಟ ಎಂದು ತೋರಿಸುತ್ತಾರೆ. ಹಾಗಾಗಿ ಹೊಸಬ ಸೊನ್ನೆಯಿಂದ ಶುರು. ಆಡುತ್ತಾ ಹೋದಂತೆ ಅನುಮಾನ ಕಡಿಮೆಯಾಗುತ್ತದೆ. ತಂಡದ ಬಲ ಎಂದರೆ ಅದರಲ್ಲಿರುವವರ ಬಲದ ಮೊತ್ತ.

ಒಬ್ಬನ ನಿಜವಾದ ಮಟ್ಟ ತಿಳಿಯಲು ಎಷ್ಟು ಆಟ ಬೇಕು? ಟ್ರೂಸ್ಕಿಲ್ ಮಾಡಿದವರು ಕೊಟ್ಟ ಲೆಕ್ಕ ಹೀಗಿದೆ: ಒಬ್ಬನಿಗೆ ಒಬ್ಬ ಆಡಿದರೆ ಸುಮಾರು 12, ನಾಲ್ವರಿಗೆ ನಾಲ್ವರು ಆಡಿದರೆ 46, ಎಂಟು ಜನರಿಗೆ ಎಂಟು ಜನ ಆಡಿದರೆ 91. ಇದನ್ನು ಓದಿದಾಗ ನನಗೆ ಒಂದು ವಿಷಯ ಸ್ಪಷ್ಟವಾಯಿತು. ತಂಡದ ಆಟದಲ್ಲಿ ಹತ್ತು ಪಂದ್ಯ ಆಡಿ “ನನ್ನ ರ‍್ಯಾಂಕ್ ಸರಿಯಿಲ್ಲ” ಎನ್ನುವುದು, ಒಂದು ಯೂನಿಟ್ ಟೆಸ್ಟ್ ಬರೆದು ಬೋರ್ಡ್ ಪರೀಕ್ಷೆಯ ಫಲಿತಾಂಶ ಕೇಳಿದ ಹಾಗೆ.

ಇಷ್ಟು ಓದಿದರೂ ನನ್ನ ಅನುಮಾನ ಪೂರ್ತಿ ಹೋಗಲಿಲ್ಲ. ಆದ್ದರಿಂದ ಗಣಿತದ ರಫ್ ಪುಸ್ತಕದ ಹಿಂದಿನ ಪುಟದಲ್ಲಿ ನೂರು ಪಂದ್ಯಗಳ ಲೆಕ್ಕ ಬರೆದಿಟ್ಟೆ. ಗೆಲುವೋ ಸೋಲೋ, ಗಂಟೆ ಎಷ್ಟು, ಇಷ್ಟೇ. ನೂರರಲ್ಲಿ ಗೆದ್ದದ್ದು 51. ಗೇಮ್ ನಿಜವಾಗಿ ಗೆದ್ದವನನ್ನು ಹುಡುಕಿ ಸೋಲಿಸುವುದಾದರೆ, ಗೆಲುವಿನ ನಂತರದ ಪಂದ್ಯಗಳಲ್ಲಿ ಸೋಲು ಎದ್ದು ಕಾಣಬೇಕಿತ್ತು. ಗೆಲುವಿನ ಬೆನ್ನಿಗೆ ಆಡಿದ 50 ಪಂದ್ಯಗಳಲ್ಲಿ 26 ಗೆದ್ದಿದ್ದೆ. ಸೋಲಿನ ಬೆನ್ನಿಗೆ ಆಡಿದ 49ರಲ್ಲಿ 25 ಗೆದ್ದಿದ್ದೆ. ಹೆಚ್ಚುಕಡಿಮೆ ಒಂದೇ. ನೂರು ಪಂದ್ಯ ದೊಡ್ಡ ಲೆಕ್ಕವಲ್ಲ, ಸಣ್ಣ ಕೈಚಳಕ ಇದ್ದರೆ ಇದರಲ್ಲಿ ಸಿಕ್ಕಿಬೀಳದೆ ಹೋಗಬಹುದು. ಆದರೆ ಕ್ಯಾಂಟೀನಿನಲ್ಲಿ ನಾವು ಆರೋಪಿಸುವ ಮಟ್ಟದ ಮೋಸ ಇದ್ದಿದ್ದರೆ ಖಂಡಿತ ಕಾಣುತ್ತಿತ್ತು.

“ಆದರೆ ಸಾಲಾಗಿ ಐದು ಸಲ ಸೋತೆನಲ್ಲ?” ನಾನು ಒಮ್ಮೆ ಸಾಲಾಗಿ ಆರು ಸಲ ಸೋತಿದ್ದೇನೆ. ಇಲ್ಲಿ ನಮ್ಮ ಸಂಭವನೀಯತೆಯ ಪಾಠ ಕೆಲಸಕ್ಕೆ ಬರುತ್ತದೆ. ನಾಣ್ಯವನ್ನು ನೂರು ಸಲ ಚಿಮ್ಮಿದರೆ ಎಲ್ಲಾದರೊಂದು ಕಡೆ ಸಾಲಾಗಿ ಐದು ಹಿಂಬದಿ ಬೀಳುವ ಸಾಧ್ಯತೆ ಶೇಕಡಾ 80ರಷ್ಟಿದೆ. ನಾಣ್ಯಕ್ಕೆ ನಮ್ಮ ಮೇಲೆ ದ್ವೇಷ ಇಲ್ಲ. ಮ್ಯಾಚ್‌ಮೇಕಿಂಗ್ ಸರಿಯಾಗಿ ಕೆಲಸ ಮಾಡಿದಷ್ಟೂ ಪ್ರತಿ ಪಂದ್ಯ ಆ ನಾಣ್ಯದ ಹತ್ತಿರ ಹೋಗುತ್ತದೆ. ಅರ್ಧದಷ್ಟು ಸೋಲುವುದು ಅನ್ಯಾಯದ ಗುರುತಲ್ಲ, ನಮಗೆ ಸಮಾನರು ಸಿಕ್ಕಿದ್ದಾರೆ ಎಂಬುದರ ಗುರುತು.

“ನನಗೆ ಯಾವಾಗಲೂ ಕೆಟ್ಟ ಟೀಮ್” ಎಂಬುದಕ್ಕೂ ಒಂದು ಮಾತು. ನನ್ನ ತಂಡದಲ್ಲಿ ಅಪರಿಚಿತರು ನಾಲ್ವರು, ಎದುರಿನಲ್ಲಿ ಐವರು. ಕೆಟ್ಟದಾಗಿ ಆಡುವವನೊಬ್ಬ ಬರಬೇಕಾದರೆ ನನ್ನ ಕಡೆ ನಾಲ್ಕು ಜಾಗ, ಅವರ ಕಡೆ ಐದು ಜಾಗ ಇದೆ. ನಾನು ನಿಜವಾಗಿ ಚೆನ್ನಾಗಿ ಆಡುವುದಾದರೆ ದೀರ್ಘಕಾಲದಲ್ಲಿ ಈ ಅದೃಷ್ಟ ನನ್ನ ಪರವಾಗಿಯೇ ಇರಬೇಕು. ನನ್ನ ಎಲ್ಲ ಪಂದ್ಯಗಳಲ್ಲೂ ತಪ್ಪದೆ ಇದ್ದ ಆಟಗಾರ ಒಬ್ಬನೇ, ಅದು ನಾನು.

ಈಗ ಆ ಪುಟದ ಇನ್ನೊಂದು ಲೆಕ್ಕ. ನೂರರಲ್ಲಿ 30 ಪಂದ್ಯಗಳನ್ನು ರಾತ್ರಿ 11ರ ನಂತರ ಆಡಿದ್ದೆ. ಅದರಲ್ಲಿ ಗೆದ್ದದ್ದು 11. ಉಳಿದ 70ರಲ್ಲಿ 40. ತಡರಾತ್ರಿ ಆಡುವವರು ಕಡಿಮೆ ಇರುವುದರಿಂದ ಕಂಪ್ಯೂಟರ್ ಹೆಚ್ಚು ಹೊತ್ತು ಕಾಯಿಸದೆ ದೂರದ ಮಟ್ಟದವರನ್ನೂ ಸೇರಿಸುವುದುಂಟು. ಆದರೆ ಅದರ ಹೊಡೆತ ಎರಡೂ ತಂಡಗಳಿಗೆ ಸಮ. ನನ್ನ ಸೋಲಿಗೆ ಕಾರಣ ನನ್ನ ನಿದ್ದೆಗಣ್ಣು ಮತ್ತು ಸೋತದ್ದನ್ನು ಈಗಲೇ ವಾಪಸ್ ಪಡೆಯಬೇಕೆಂಬ ಹಟ. ಆ ರಾತ್ರಿಗಳ ಮರುದಿನ ಸುಬ್‌ಹಿ ನಮಾಝ್ ತಪ್ಪಿದೆ, ಮೊದಲ ಪೀರಿಯಡ್‌ನಲ್ಲಿ ತೂಕಡಿಸಿದ್ದೇನೆ. ಬೆಳಿಗ್ಗೆ ಎಬ್ಬಿಸಲು ಬಂದ ಉಮ್ಮನ ಮೇಲೆ ರೇಗಿದ್ದೇನೆ. ಇದೆಲ್ಲ ಆಗುತ್ತಿದ್ದಾಗ ನಾನು ಬೈಯುತ್ತಿದ್ದದ್ದು ಮಾತ್ರ ಮ್ಯಾಚ್‌ಮೇಕಿಂಗನ್ನು.

ಇನ್ನೊಂದು ವಿಷಯ ಇದಕ್ಕಿಂತ ಕೆಟ್ಟದ್ದು. ಕಳೆದ ರಮಝಾನ್ ರಜೆಯಲ್ಲಿ ನಾನೊಂದು ಹೊಸ ಅಕೌಂಟ್ ಮಾಡಿಕೊಂಡೆ. ಅಕೌಂಟ್ ಹೊಸದು, ಆಡುವವನು ಹಳಬ. ಇದನ್ನು ಸ್ಮರ್ಫಿಂಗ್ ಎನ್ನುತ್ತಾರೆ. ಕಂಪ್ಯೂಟರ್ ನನ್ನನ್ನು ಹೊಸಬನೆಂದು ನಂಬಿ ಹೊಸಬರ ಜೊತೆ ಹಾಕಿತು. ಸಾಲಾಗಿ 18 ಪಂದ್ಯ ಗೆದ್ದೆ. ಸ್ಕ್ರೀನ್‌ಶಾಟ್ ತೆಗೆದು ಗೆಳೆಯರಿಗೆಲ್ಲ ಕಳಿಸಿದೆ. ಅದೇ ರಜೆಯಲ್ಲಿ ಎಂಟನೇ ಕ್ಲಾಸಿನ ನನ್ನ ಚಿಕ್ಕಪ್ಪನ ಮಗ ಅದೇ ಗೇಮ್ ಆಡಲು ಶುರು ಮಾಡಿದ್ದ. ಒಂದು ವಾರದಲ್ಲಿ ಬಿಟ್ಟುಬಿಟ್ಟ. ಯಾಕೆ ಎಂದು ಕೇಳಿದೆ. “ಅಣ್ಣ, ಹೊಸಬರದ್ದೇ ಮ್ಯಾಚ್ ಅಂತ ಹೇಳ್ತದೆ. ಆದರೆ ಪ್ರತಿ ಸಲ ಎದುರಿನಲ್ಲಿ ಯಾರೋ ಒಬ್ಬ ಬಂದು ನಮ್ಮನ್ನೆಲ್ಲ ಹೊಡೆದು ಹಾಕ್ತಾನೆ. ನಂಗೆ ಆಡ್ಲಿಕ್ಕೇ ಬರುದಿಲ್ಲ ಅಂತ ಕಾಣ್ತದೆ” ಅಂದ. ಆ ‘ಯಾರೋ ಒಬ್ಬ’ ನನ್ನಂಥವನೇ ಎಂದು ಅವನಿಗೆ ಗೊತ್ತಿರಲಿಲ್ಲ. ನಾನೂ ಆ ದಿನ ಹೇಳಲಿಲ್ಲ.

ಮದ್ರಸದಲ್ಲಿ ಉಸ್ತಾದರು ಅಳತೆ-ತೂಕದಲ್ಲಿ ಮೋಸ ಮಾಡುವವರ ಬಗ್ಗೆ ಕುರ್‌ಆನ್ ಎಷ್ಟು ಕಠಿಣವಾಗಿ ಎಚ್ಚರಿಸಿದೆ ಎಂದು ಹೇಳುವಾಗ, ಅದು ಅಂಗಡಿಯವರಿಗೆ ಸಂಬಂಧಪಟ್ಟ ಪಾಠ ಎಂದುಕೊಂಡಿದ್ದೆ. ರೇಟಿಂಗ್ ಕೂಡ ಒಂದು ತಕ್ಕಡಿಯೇ. ಹತ್ತು ಜನ ಅದನ್ನು ನಂಬಿ ಆಟಕ್ಕೆ ಇಳಿಯುತ್ತಾರೆ. ಸುಳ್ಳು ಅಕೌಂಟ್‌ನಲ್ಲಿ ಆಡುವವನು, ಗೆಳೆಯನ ಅಕೌಂಟ್ ತೆಗೆದುಕೊಂಡು ರ‍್ಯಾಂಕ್ ಏರಿಸಿಕೊಡುವವನು, ಬೇಕಂತಲೇ ಸೋತು ಕೆಳಗಿಳಿಯುವವನು, ಎಲ್ಲರೂ ಆ ತಕ್ಕಡಿಯ ಅಡಿಗೆ ಅಯಸ್ಕಾಂತ ಅಂಟಿಸಿದವರೇ. ಮ್ಯಾಚ್‌ಮೇಕಿಂಗ್ ಹಾಳಾಗಿದೆ ಎಂದು ಹೇಳುವ ನಾವೇ ಅದನ್ನು ಹಾಳು ಮಾಡುವವರಲ್ಲಿ ಸೇರಿದ್ದೇವೆ.

ಹಾಗಾದರೆ ಗೇಮ್ ಕಂಪನಿಗಳು ಪೂರ್ತಿ ಪ್ರಾಮಾಣಿಕರೇ? ಹಾಗೂ ನಾನು ಹೇಳುವುದಿಲ್ಲ. ಎಲೆಕ್ಟ್ರಾನಿಕ್ ಆರ್ಟ್ಸ್‌ನ ಸಂಶೋಧಕರು ವಿಶ್ವವಿದ್ಯಾಲಯದವರ ಜೊತೆ ಸೇರಿ 2017ರಲ್ಲಿ ಒಂದು ಪ್ರಬಂಧ ಪ್ರಕಟಿಸಿದರು. ಸಮಬಲದ ಪಂದ್ಯವನ್ನೇ ಗುರಿ ಮಾಡುವ ಬದಲು, ಆಟಗಾರ ಗೇಮ್ ಬಿಟ್ಟು ಹೋಗದಂತೆ ನೋಡಿಕೊಳ್ಳುವುದನ್ನೇ ಗುರಿಯಾಗಿಟ್ಟು ಜೋಡಿಸಿದರೆ ಹೇಗೆ ಎಂಬುದು ಅದರ ವಿಷಯ. ಅದೇ ವರ್ಷ ಆ್ಯಕ್ಟಿವಿಷನ್ ಕಂಪನಿಗೆ, ಆಟಗಾರರು ಗೇಮ್‌ನೊಳಗೆ ವಸ್ತುಗಳನ್ನು ಕೊಳ್ಳುವಂತೆ ಪ್ರೇರೇಪಿಸುವ ಮ್ಯಾಚ್‌ಮೇಕಿಂಗ್‌ಗೆ ಪೇಟೆಂಟ್ ಸಿಕ್ಕಿತು. ಅದನ್ನು ಯಾವ ಗೇಮ್‌ನಲ್ಲೂ ಬಳಸಿಲ್ಲ ಎಂದು ಕಂಪನಿ ಹೇಳಿದೆ. ಪ್ರಬಂಧವಾಗಲಿ ಪೇಟೆಂಟ್ ಆಗಲಿ ನಮ್ಮ ಫೋನಿನಲ್ಲಿ ಮೋಸ ನಡೆಯುತ್ತಿದೆ ಎಂಬುದಕ್ಕೆ ಸಾಕ್ಷಿ ಅಲ್ಲ. ಆದರೆ ಒಂದು ವಿಷಯ ಅವುಗಳಿಂದ ತಿಳಿಯುತ್ತದೆ. ಯಾರ ಜೊತೆ ಆಡಿಸಬೇಕು ಎಂಬ ಲೆಕ್ಕವನ್ನು ಬೇರೆ ಬೇರೆ ಉದ್ದೇಶಕ್ಕೆ ತಿರುಗಿಸಬಹುದು, ತಿರುಗಿಸಿದರೆ ಹೊರಗಿನಿಂದ ಕಾಣುವುದಿಲ್ಲ. ಆದ್ದರಿಂದ ನಾವು ಕಂಪನಿಗಳನ್ನು ಕೇಳಬೇಕಾದ ಪ್ರಶ್ನೆ “ನನ್ನನ್ನು ಯಾಕೆ ಸೋಲಿಸಿದೆ?” ಎಂಬುದಲ್ಲ. “ನಿನ್ನ ಲೆಕ್ಕದ ಗುರಿ ಏನು? ಸಮಬಲದ ಆಟವೋ, ನನ್ನ ಸಮಯವೋ, ನನ್ನ ಹಣವೋ?” ಎಂಬುದು. ಫಿಡೆಯ ಸೂತ್ರವನ್ನು ಯಾರು ಬೇಕಾದರೂ ಓದಬಹುದು. ಕೋಟ್ಯಂತರ ಮಕ್ಕಳು ಆಡುವ ಗೇಮ್‌ನ ನಿಯಮವೂ ಅಷ್ಟೇ ತೆರೆದಿರಬೇಕು ಎಂಬುದು ನನ್ನ ಅಭಿಪ್ರಾಯ.

ಅಲ್ಲಿಯವರೆಗೆ ನಮ್ಮ ಕೈಯಲ್ಲಿರುವುದನ್ನು ಮಾಡೋಣ. ಆಡುವ ಗೆಳೆಯರಿಗೆ ನನ್ನ ಮನವಿ: ಗೇಮ್ ಮೋಸ ಮಾಡುತ್ತದೆ ಎಂದು ಅನಿಸಿದರೆ ಬೈಯುವ ಮೊದಲು ಬರೆದಿಡಿ. ಸಾಲಾಗಿ ಎರಡು ಸೋತರೆ ಫೋನ್ ಕೆಳಗಿಡಿ. ಎರಡನೇ ಅಕೌಂಟ್ ಇದ್ದರೆ ಅಳಿಸಿ. ಅಧ್ಯಾಪಕರಿಗೂ ಒಂದು ಮನವಿ ಇದೆ. “ಗೇಮ್ ಬಿಡು” ಎಂಬ ಮಾತನ್ನು ನಾವು ಬಹಳ ಸಲ ಕೇಳಿದ್ದೇವೆ, ಅಷ್ಟೇ ಸಲ ಮರೆತಿದ್ದೇವೆ. ಅದರ ಬದಲು ಸಂಭವನೀಯತೆಯ ಪಾಠದ ದಿನ, ಸಾಲಾಗಿ ಐದು ಸೋಲು ಬರುವ ಸಾಧ್ಯತೆ ಎಷ್ಟು ಎಂಬ ಒಂದು ಲೆಕ್ಕ ಕೊಡಿ. ಕೊನೆಯ ಬೆಂಚಿನವರೂ ಪೆನ್ನು ಹಿಡಿಯುತ್ತಾರೆ.

ನಾನು ಆ ಎರಡನೇ ಅಕೌಂಟ್ ಅಳಿಸಿದ್ದೇನೆ. ಚಿಕ್ಕಪ್ಪನ ಮಗನಿಗೂ ವಿಷಯ ಹೇಳಿದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, “ಹಾಗಾದರೆ ನಾನು ಅಷ್ಟು ಕೆಟ್ಟದಾಗಿ ಆಡ್ತಾ ಇರಲಿಲ್ವಾ?” ಎಂದು ಕೇಳಿದ. ಇಲ್ಲ ಅಂದೆ. ಅವನು ಮತ್ತೆ ಆ ಗೇಮ್ ಆಡಲಿಲ್ಲ. ಈಗ ಸಂಜೆ ನಮ್ಮ ಜೊತೆ ಮೈದಾನಕ್ಕೆ ಬರುತ್ತಾನೆ. ಕ್ಯಾಪ್ಟನ್ ಅವನನ್ನು ಕೊನೆಗೆ ಕರೆಯುತ್ತಾನೆ, ಆದರೂ ಬರುತ್ತಾನೆ.