ಸಿಮೆಂಟಿನ ಹೊಟ್ಟೆಯಲ್ಲಿ ನೀರು

ಶಾಲೆಗೊಂದು ಒಳಾಂಗಣ ಬ್ಯಾಡ್ಮಿಂಟನ್ ಅಂಕಣ ಬೇಕೆಂಬ ಆಸೆ ಈಗ ದೊಡ್ಡ ನಗರಗಳಿಗಷ್ಟೇ ಸೀಮಿತವಲ್ಲ. ಪಾಲಕರು ವಂತಿಗೆ ಕೊಡುತ್ತಾರೆ, ಆಡಳಿತ ಮಂಡಳಿ ತಗಡಿನ ಮಾಡು ಹೊದಿಸುತ್ತದೆ. ಫೆಬ್ರುವರಿಯಲ್ಲಿ ನೆಲಕ್ಕೆ ಕಾಂಕ್ರೀಟು, ಏಪ್ರಿಲಿನಲ್ಲಿ ಅದರ ಮೇಲೆ ಮರದ ಹಲಗೆ, ಜೂನಿನಲ್ಲಿ ಉದ್ಘಾಟನೆ. ಆಗಸ್ಟಿನ ಹೊತ್ತಿಗೆ ಹಲಗೆಗಳು ಅಲ್ಲಲ್ಲಿ ಉಬ್ಬಿ, ಓಡುವ ಮಗು ಎಡವುವಂತಾದರೆ ಎಲ್ಲರೂ ಬಡಗಿಯನ್ನು ಬೈಯುತ್ತಾರೆ. ಪಾಪ, ಎಷ್ಟೋ ಸಲ ಅವನದು ತಪ್ಪೇ ಇರುವುದಿಲ್ಲ. ಏಪ್ರಿಲಿನಲ್ಲಿ ಹಲಗೆ ಹಾಸು ಎಂದವರದು ತಪ್ಪು.

ಇಷ್ಟು ತೊಂದರೆಯ ಮರವೇ ಏಕೆ ಬೇಕು? ಪ್ರಕಾಶ್ ಪಡುಕೋಣೆ ಆಟ ಕಲಿತದ್ದು ಮಲ್ಲೇಶ್ವರದ ಕೆನರಾ ಯೂನಿಯನ್ನಿನ ಸಭಾಂಗಣದಲ್ಲಿ. ಮದುವೆಗಳಿಗೂ ಅದೇ ಜಾಗ. 1980ರಲ್ಲಿ ಅವರು ಆಲ್ ಇಂಗ್ಲೆಂಡ್ ಪ್ರಶಸ್ತಿ ಗೆದ್ದರು. ಹಾಗಾಗಿ ಒಳ್ಳೆಯ ನೆಲವಿದ್ದರೆ ಮಾತ್ರ ಆಟಗಾರ ಹುಟ್ಟುತ್ತಾನೆ ಎನ್ನುವಂತಿಲ್ಲ. ಆದರೆ ಬರಿಯ ಕಾಂಕ್ರೀಟಿನ ಮೇಲೆ ದಿನವೂ ನೂರಾರು ಸಲ ಜಿಗಿದಿಳಿಯುವ ಮಗುವಿನ ಹಿಮ್ಮಡಿ, ಮೊಣಕಾಲುಗಳು ಪೂರ್ತಿ ಹೊಡೆತ ತಿನ್ನುತ್ತವೆ. ಮರದ ನೆಲ ತುಸು ಬಗ್ಗಿ ಆ ಹೊಡೆತವನ್ನು ಹಂಚಿಕೊಳ್ಳುತ್ತದೆ. ಕ್ರೀಡಾಂಗಣದ ನೆಲಗಳಿಗೆಂದೇ ಇರುವ ಯುರೋಪಿನ ಮಾನಕ ಇ.ಎನ್. 14904ರ ಪ್ರಕಾರ, ಕಾಂಕ್ರೀಟಿಗೆ ಹೋಲಿಸಿದರೆ ಇಂಥ ನೆಲ ಕನಿಷ್ಠ ಶೇ. 25ರಷ್ಟು ಹೊಡೆತವನ್ನು ತಗ್ಗಿಸಬೇಕು. ಅದೇ ವೇಳೆ ಚೆಂಡು ಮಾತ್ರ ಕಾಂಕ್ರೀಟಿನ ಮೇಲೆ ಪುಟಿಯುವುದರ ಶೇ. 90ರಷ್ಟಾದರೂ ಪುಟಿಯಬೇಕು. ಕಾಲಿಗೆ ಮೆತ್ತಗೆ, ಚೆಂಡಿಗೆ ಗಟ್ಟಿ! ಮರ ಇವೆರಡನ್ನೂ ಒಟ್ಟಿಗೆ ಕೊಡುತ್ತದೆ.

ಇನ್ನು ಕಾಂಕ್ರೀಟಿನ ಸಂಗತಿ. ಗಟ್ಟಿಯಾಗುವುದು, ಒಣಗುವುದು ಎರಡೂ ಒಂದೇ ಎಂದು ಬಹಳ ಜನ ತಿಳಿದಿದ್ದಾರೆ. ಸಿಮೆಂಟು ಗಟ್ಟಿಯಾಗುವುದು ನೀರಿನೊಡನೆ ನಡೆಯುವ ರಾಸಾಯನಿಕ ಕ್ರಿಯೆಯಿಂದ. ಮೇಸ್ತ್ರಿ ಅದರ ಮೇಲೆ ನೀರು ನಿಲ್ಲಿಸುವುದು ಅದಕ್ಕಾಗಿಯೇ. 50 ಕಿಲೋ ಚೀಲವೊಂದಕ್ಕೆ 25 ಲೀಟರು ನೀರು ಬೆರೆಸಿದರೆ ಅದರಲ್ಲಿ ರಾಸಾಯನಿಕವಾಗಿ ಬಂಧಿಯಾಗುವುದು ಸುಮಾರು ಅರ್ಧ. ಉಳಿದದ್ದು ಕಾಂಕ್ರೀಟಿನ ಸೂಕ್ಷ್ಮ ರಂಧ್ರಗಳಲ್ಲಿ ಕುಳಿತು, ನಿಧಾನವಾಗಿ ಆವಿಯಾಗಿ ಹೊರಬರಬೇಕು. 28 ದಿನಕ್ಕೆ ಕಾಂಕ್ರೀಟಿಗೆ ಬಲ ಬಂದಿರುತ್ತದೆ, ಆದರೆ ಒಳಗೆ ಅದು ಇನ್ನೂ ಹಸಿ. ಒಂದು ಅಂಗುಲ ದಪ್ಪಕ್ಕೆ ಒಂದು ತಿಂಗಳು ಎಂಬುದು ಕಟ್ಟಡದವರ ಹಳೆಯ ಅಂದಾಜು. ನಾಲ್ಕಂಗುಲದ ನೆಲಕ್ಕೆ ನಾಲ್ಕು ತಿಂಗಳಾಯಿತು, ಅದೂ ಗಾಳಿ ಒಣಗಿದ್ದರೆ. ಮಂಗಳೂರಿನಂಥ ಕಡೆ ಜುಲೈಯಲ್ಲಿ ಗಾಳಿಯ ತೇವಾಂಶವೇ ಶೇ. 85 ದಾಟುವುದರಿಂದ ಒಣಗುವ ಕೆಲಸ ಬಹುಮಟ್ಟಿಗೆ ನಿಂತೇ ಹೋಗುತ್ತದೆ. ಜತೆಗೆ ಅಡಿಯ ಮಣ್ಣಿನಿಂದಲೂ ತೇವ ಮೇಲೇರುತ್ತದೆ. ಕಾಂಕ್ರೀಟು ಹಾಕುವ ಮೊದಲೇ ಮಣ್ಣಿನ ಮೇಲೆ ದಪ್ಪ ಪಾಲಿಥೀನ್ ಹಾಳೆ ಹಾಸದಿದ್ದರೆ ಎಷ್ಟು ತಿಂಗಳು ಕಾದರೂ ಅದು ನಿಲ್ಲುವುದಿಲ್ಲ.

ಮರಕ್ಕೋ ಬಾಯಾರಿಕೆ ಹೆಚ್ಚು. ಮಳೆಗಾಲದಲ್ಲಿ ಬಾಗಿಲು ಬಿಗಿಯಾಗುವುದು, ಒಣಗಿ ಸಡಿಲವಾದ ಗಾಡಿಯ ಚಕ್ರವನ್ನು ನೀರಿಗಿಳಿಸಿ ಗಟ್ಟಿ ಮಾಡುವುದು ಹಳ್ಳಿಯ ಮಕ್ಕಳಿಗೆ ಗೊತ್ತಿರುವ ವಿಷಯ. ಮರ ನಾರಿನ ಉದ್ದಕ್ಕೆ ಹಿಗ್ಗುವುದು ತೀರ ಕಡಿಮೆ, ಹಿಗ್ಗುವುದೆಲ್ಲ ಅಡ್ಡಕ್ಕೆ. ಆಟದ ನೆಲಕ್ಕೆ ಹೆಚ್ಚಾಗಿ ಬಳಸುವ ಮೇಪಲ್ ಹಲಗೆಯಲ್ಲಿ ತೇವ ಶೇ. 1ರಷ್ಟು ಹೆಚ್ಚಿದರೆ ಅಗಲ ಸುಮಾರು ಶೇ. 0.35 ಹೆಚ್ಚುತ್ತದೆ. ಅಂಕಣದ ಅಗಲ 6.10 ಮೀಟರು. ತೇವ ಶೇ. 4ರಷ್ಟು ಏರಿತೆನ್ನಿ. ವಿದ್ಯಾರ್ಥಿಗಳು ಲೆಕ್ಕ ಹಾಕಿದರೆ ಹಿಗ್ಗುವಿಕೆ ಎಂಟೂವರೆ ಸೆಂಟಿಮೀಟರು ಬರುತ್ತದೆ. ಮೊಳೆಗಳ ಹಿಡಿತ, ಹಲಗೆಗಳ ನಡುವಿನ ಸಂದು ಒಂದಿಷ್ಟನ್ನು ನುಂಗಿಕೊಂಡರೂ, ಗೋಡೆಗೆ ಒತ್ತಿ ಹಾಸಿದ್ದರೆ ಉಳಿದದ್ದು ಮೇಲಕ್ಕೇಳದೆ ವಿಧಿಯಿಲ್ಲ.

ಮಲೆನಾಡಿನ ಹಳೆಯ ಮನೆಗಳ ಉಪ್ಪರಿಗೆಯಲ್ಲೂ ಮರದ ನೆಲವೇ. ಅಷ್ಟು ಮಳೆಯಲ್ಲೂ ಅದು ತಡೆದುಕೊಂಡದ್ದು ತೊಲೆಗಳ ಮೇಲೆ ಕೂತು ಎರಡೂ ಬದಿಯಿಂದ ಗಾಳಿ ಕುಡಿಯುತ್ತಿದ್ದುದರಿಂದ. ಒಳ್ಳೆಯ ಕ್ರೀಡಾ ನೆಲವನ್ನೂ ಹೀಗೆಯೇ ಕಟ್ಟುತ್ತಾರೆ. ಕಾಂಕ್ರೀಟಿನ ಮೇಲೆ ಪಾಲಿಥೀನ್, ಅದರ ಮೇಲೆ ರಬ್ಬರಿನ ಬಿಲ್ಲೆ, ಆಮೇಲೆ ಮರದ ಪಟ್ಟಿ, ಕೊನೆಗೆ ಹಲಗೆ. ಗೋಡೆಯಿಂದ ಸುಮಾರು ಎರಡಂಗುಲ ಬಿಟ್ಟು, ಗಾಳಿಯಾಡುವ ಅಂಚುಪಟ್ಟಿಯಿಂದ ಆ ಸಂದನ್ನು ಮರೆಮಾಡುತ್ತಾರೆ. ಹಲಗೆಗಳನ್ನು ತಂದ ದಿನವೇ ಹಾಸದೆ, ಕೆಲವು ದಿನ ಅದೇ ಸಭಾಂಗಣದಲ್ಲಿ ಇರಿಸುವುದೂ ಉಂಟು.

ನೆಲ ಒಣಗಿದೆಯೇ ಎಂದು ನೋಡಲು ಒಂದು ಸರಳ ಪರೀಕ್ಷೆ ಇದೆ. ಒಂದೂವರೆ ಅಡಿ ಚೌಕದ ಪಾರದರ್ಶಕ ಪಾಲಿಥೀನ್ ಹಾಳೆಯ ನಾಲ್ಕೂ ಅಂಚುಗಳನ್ನು ಟೇಪಿನಿಂದ ಕಾಂಕ್ರೀಟಿಗೆ ಅಂಟಿಸಿ ಒಂದು ರಾತ್ರಿಯಾದರೂ ಬಿಡಬೇಕು. ಬೆಳಿಗ್ಗೆ ಹಾಳೆಯ ಕೆಳಗೆ ಹನಿಗಳಿದ್ದರೆ, ಕಾಂಕ್ರೀಟು ಕಪ್ಪಗಾಗಿದ್ದರೆ ಅಲ್ಲಿಗೆ ಕೆಲಸ ನಿಲ್ಲಿಸಬೇಕು. ಹನಿ ಇಲ್ಲವೆಂದ ಮಾತ್ರಕ್ಕೆ ನಂಬುವಂತಿಲ್ಲ, ಏಕೆಂದರೆ ಮೇಲ್ಪದರ ಬೇಗ ಒಣಗಿ ಒಳಗಿನದನ್ನು ಮುಚ್ಚಿಡುತ್ತದೆ. ಖಚಿತವಾಗಬೇಕಾದರೆ ದಪ್ಪದ ಶೇ. 40ರಷ್ಟು ಆಳಕ್ಕೆ ತೂತು ಕೊರೆದು ತೇವಮಾಪಕ ಇಳಿಸುತ್ತಾರೆ. ಆ ಆಳವೇ ಏಕೆ? ಮೇಲೆ ಮುಚ್ಚಿಗೆ ಬಿದ್ದ ನಂತರ ಒಳಗಿನ ತೇವ ಎಲ್ಲೆಡೆ ಸಮನಾಗಿ ಹಂಚಿಕೊಂಡು ಹೆಚ್ಚುಕಡಿಮೆ ಆ ಮಟ್ಟಕ್ಕೆ ನಿಲ್ಲುತ್ತದೆ. ವಂತಿಗೆ ಕೊಟ್ಟ ಪಾಲಕರು ಸಭೆಯಲ್ಲಿ ಆ ಅಂಕಿ ಎಷ್ಟೆಂದು ಕೇಳಿದರೆ ಅದು ಅಧಿಕಪ್ರಸಂಗವಲ್ಲ.

ಈಗಾಗಲೇ ಉಬ್ಬಿದ್ದರೆ? ಹಲಗೆಯ ತಳ ಹೆಚ್ಚು ನೀರು ಕುಡಿದು ಅಗಲವಾದಾಗ ಅದರ ಎರಡೂ ಅಂಚು ಮೇಲೆದ್ದು ನಡು ತಗ್ಗುತ್ತದೆ. ಅಂಚುಗಳನ್ನು ಕಂಡೊಡನೆ ಯಂತ್ರದಿಂದ ಉಜ್ಜಿಸಿ ಸಮ ಮಾಡುವ ಆತುರ ಸಹಜ. ಹಾಗೆ ಉಜ್ಜಿದ ನೆಲದ ತಳ ಜನವರಿಯಲ್ಲಿ ಒಣಗುತ್ತದೆ, ಸವೆದ ಅಂಚುಗಳು ಕೆಳಗಿಳಿಯುತ್ತವೆ, ಈ ಸಲ ಪ್ರತಿ ಹಲಗೆಯ ನಡು ಬೆನ್ನಿನಂತೆ ಉಬ್ಬುತ್ತದೆ. ತೇವ ಎಲ್ಲಿಂದ ಬರುತ್ತಿದೆಯೆಂದು ಹುಡುಕಿ ನಿಲ್ಲಿಸಿ, ಕಿಟಕಿ ತೆರೆದು ಗಾಳಿಯಾಡಿಸಿ, ಮಳೆಗಾಲ ಮುಗಿದ ಮೇಲೆ ಮತ್ತೆ ಅಳೆಯಬೇಕು. ಎಷ್ಟೋ ಹಲಗೆಗಳು ತಾವಾಗಿಯೇ ಸರಿಯಾಗುತ್ತವೆ. ಅಲ್ಲಿಯವರೆಗೆ ಮಕ್ಕಳ ಆಟ ಹೊರಗೆ, ಮಣ್ಣಿನ ಅಂಕಣದಲ್ಲಿ.