ಒಂದೇ ಆಟಕ್ಕೆ ಮುಗಿದರೆ ಅದು ಸೀಸನ್ ಅಲ್ರೀ

ಆಳಂದ, ಅಫಜಲಪುರ, ಜೇವರ್ಗಿ ಕಡೆಯ ಡಿಗ್ರಿ ಕಾಲೇಜಿನ ಹುಡುಗರಿಗೆ ಫುಟ್‌ಬಾಲ್ ಸೀಸನ್ ಅಂದರೆ ಒಂದು ಮಧ್ಯಾಹ್ನ. ಬೆಳಿಗ್ಗೆ ಬಸ್ ಹತ್ತಿ ಹೋಗಬೇಕು, ಬಿಸಿಲಲ್ಲಿ ಕಾಯಬೇಕು, ಒಂದು ಆಟ ಆಡಬೇಕು, ಸೋತರೆ ಸಂಜೆ ಬಸ್ಸಿಗೆ ವಾಪಸ್. ಮತ್ತೆ ಆಡೋದು ಮುಂದಿನ ವರ್ಷ. ಮೂರು ವರ್ಷದ ಡಿಗ್ರಿಯಲ್ಲಿ ಮೂರೇ ಆಟ ಆಡಿ ಹೊರಬಿದ್ದ ಹುಡುಗರು ನಮ್ಮಲ್ಲಿದ್ದಾರೆ. ಆಮೇಲೆ ನಾವೇ ಹೇಳ್ತೀವಿ, ‘ನಮ್ಮ ಹುಡುಗ್ರಿಗೆ ಆಟ ಬರಂಗಿಲ್ಲ’ ಅಂತ.

ಇದು ಹುಡುಗರ ತಪ್ಪಲ್ಲ, ಪದ್ಧತಿಯ ತಪ್ಪು. ಅಂತರ ಕಾಲೇಜು ಪಂದ್ಯಾವಳಿ ಸಾಮಾನ್ಯವಾಗಿ ನಾಕೌಟ್. ಅದರ ಮುಖ್ಯ ಕೆಲಸ ವಿಶ್ವವಿದ್ಯಾಲಯದ ತಂಡ ಆರಿಸಿ ದಕ್ಷಿಣ ವಲಯದ ಪಂದ್ಯಗಳಿಗೆ ಕಳಿಸೋದು. ಹದಿನೆಂಟು ಹುಡುಗರನ್ನು ಆರಿಸಲು ಅದು ಸಾಕಾಗಬಹುದು. ನೂರಾರು ಹುಡುಗರಿಗೆ ಆಟ ಕಲಿಸಲು ಸಾಕಾಗಲ್ಲ.

ಲೆಕ್ಕ ಹಾಕಿ ನೋಡ್ರಿ. ಎಂಟು ತಂಡಗಳ ನಾಕೌಟ್‌ನಲ್ಲಿ ಒಟ್ಟು 7 ಆಟ. ಮೊದಲ ಸುತ್ತಿಗೇ ನಾಲ್ಕು ತಂಡ ಮನೆಗೆ, ಅಂದರೆ ಅರ್ಧಕ್ಕರ್ಧ ಹುಡುಗರಿಗೆ ಒಂದೇ ಆಟ. ಅದೇ ಎಂಟು ತಂಡಗಳನ್ನು ನಾಲ್ಕು ನಾಲ್ಕರಂತೆ ಎರಡು ಗುಂಪು ಮಾಡಿ ಲೀಗ್ ಆಡಿಸಿದರೆ ಗುಂಪಿಗೆ 6 ಆಟ, ಮೇಲೊಂದು ಫೈನಲ್, ಒಟ್ಟು 13. ಆರೇ ಆರು ಆಟ ಹೆಚ್ಚು, ಆದರೆ ಅತಿ ದುರ್ಬಲ ತಂಡಕ್ಕೂ 3 ಆಟ ಸಿಗುತ್ತದೆ. ಮೊದಲ ಆಟದಲ್ಲಿ ಸೋತವನು ಎರಡನೆಯದರಲ್ಲಿ ತಿದ್ದಿಕೊಳ್ಳಬಹುದು. ಆಟ ಕಲಿಯೋದು ಅಂದರೆ ಅದೇ ಅಲ್ವಾ?

‘ಫುಟ್‌ಬಾಲ್ ನಮ್ಮ ನೆಲದ ಆಟ ಅಲ್ಲ’ ಅನ್ನೋರಿಗೆ ಒಂದು ಮಾತು. 1956ರ ನವೆಂಬರ್ 1ರವರೆಗೆ ನಮ್ಮ ಜಿಲ್ಲೆ ಹೈದರಾಬಾದ್ ರಾಜ್ಯದಲ್ಲಿತ್ತು. ಅದೇ ವರ್ಷ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ಭಾರತ ಫುಟ್‌ಬಾಲ್‌ನಲ್ಲಿ ನಾಲ್ಕನೇ ಸ್ಥಾನ ಪಡೆಯಿತು. ಕೋಚ್ ಹೈದರಾಬಾದಿನ ಎಸ್.ಎ. ರಹೀಂ, ಶಾಲಾ ಮಾಸ್ತರಿಕೆ ಮಾಡಿದ ಮನುಷ್ಯ. ‘ಮೈದಾನ್’ ಸಿನಿಮಾ ನೋಡಿದವರಿಗೆ ಗೊತ್ತು. 1962ರ ಜಕಾರ್ತ ಏಷ್ಯನ್ ಗೇಮ್ಸ್‌ನಲ್ಲಿ ಚಿನ್ನ ತಂದಾಗಲೂ ಅವರೇ ಕೋಚ್. ದೇಶದ ಫುಟ್‌ಬಾಲಿಗೆ ದಾರಿ ತೋರಿಸಿದ ಊರು ನಮ್ಮ ಹಳೇ ರಾಜಧಾನಿ. ಇನ್ನು 2023ರ ಮಾರ್ಚ್‌ನಲ್ಲಿ ರಿಯಾದ್‌ನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ ಕರ್ನಾಟಕ 54 ವರ್ಷಗಳ ನಂತರ ಸಂತೋಷ್ ಟ್ರೋಫಿ ಗೆದ್ದಿತು. ಎಲ್ಲರೂ ಸ್ಟೇಟಸ್ ಹಾಕಿಕೊಂಡೆವು. ಆ ತಂಡಕ್ಕೆ ನಮ್ಮ ಮೂರು ತಾಲೂಕಿನಿಂದ ಒಬ್ಬ ಹುಡುಗ ಹೋಗುವ ದಾರಿ ಯಾವುದು ಅಂತ ಯಾರೂ ಕೇಳಲಿಲ್ಲ.

‘ಎರಿಮಣ್ಣಾಗ ಮೈದಾನ ನಿಲ್ಲಂಗಿಲ್ಲ’ ಅನ್ನೋದು ಇನ್ನೊಂದು ನೆಪ. ಮಳೆಗಾಲದಲ್ಲಿ ಎರಿಮಣ್ಣು ಕಾಲು ಹಿಡೀತದೆ, ಬೇಸಿಗೆಯಲ್ಲಿ ಬಿರುಕು ಬಿಡ್ತದೆ, ನಿಜ. ಅದಕ್ಕೇ ಮೇಲೆ ಮುರುಮ್ ಹಾಕಿ ರೋಲರ್ ಹೊಡೆಸೋದು. ರಸ್ತೆಗೆ ಹಾಕಲು ಬರುವ ಮುರುಮ್ ಕಾಲೇಜು ಮೈದಾನಕ್ಕೆ ಯಾಕೆ ಬರಲ್ಲ? ಕೇರಳದ ಮಲಪ್ಪುರಂ ಕಡೆ ಏಳು ಜನರ ‘ಸೆವೆನ್ಸ್’ ಆಟ ಬೆಳೆದದ್ದೇ ಕೊಯ್ಲಾದ ಗದ್ದೆಗಳಲ್ಲಿ. ಆ ಕಡೆಯ ಕಲ್ಲಿಕೋಟೆ ವಿಶ್ವವಿದ್ಯಾಲಯ ಅಖಿಲ ಭಾರತ ಅಂತರ ವಿವಿ ಪ್ರಶಸ್ತಿಯನ್ನು ಹಲವು ಸಲ ಗೆದ್ದಿದೆ. ಅಲ್ಲಿ ಮೊದಲು ಬಂದದ್ದು ಆಟ, ಸ್ಟೇಡಿಯಂ ಆಮೇಲೆ.

ದುಡ್ಡಿನ ಮಾತಿಗೆ ಬರೋಣ. 371(ಜೆ) ಇದೆ. 2024-25ರ ರಾಜ್ಯ ಬಜೆಟ್‌ನಲ್ಲಿ ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿಗೆ ಘೋಷಿಸಿದ್ದು 5,000 ಕೋಟಿ ರೂಪಾಯಿ. ಆರು ಆಟ ಹೆಚ್ಚು ಆಡಿಸಲು ಬೇಕಾಗೋದು ಚೆಂಡು, ಬಲೆ, ಸುಣ್ಣ, ರೆಫ್ರಿ ಭತ್ಯೆ, ಬಸ್ ಚಾರ್ಜು, ಹುಡುಗರಿಗೆ ಊಟ. ಕಾಲೇಜು ಸೇರುವಾಗ ಕಟ್ಟಿದ ಶುಲ್ಕದ ರಸೀದಿ ಮನೆಯಲ್ಲಿದ್ದರೆ ತೆಗೆದು ನೋಡ್ರಿ, ಕ್ರೀಡಾ ಶುಲ್ಕ ಅಂತ ಒಂದು ಸಾಲು ಇದ್ದೇ ಇರ್ತದೆ. ಆ ದುಡ್ಡಿನ ಲೆಕ್ಕ ಕೇಳೋದು ನಿಮ್ಮ ಹಕ್ಕು.

ಹುಡುಗಿಯರ ತಂಡಕ್ಕಂತೂ ಬಸ್ ಚಾರ್ಜಿನ ನೆಪವೂ ಇಲ್ಲ. 2023ರ ಜೂನ್ 11ರಿಂದ ಶಕ್ತಿ ಯೋಜನೆಯಲ್ಲಿ ಸಾಮಾನ್ಯ ಸರ್ಕಾರಿ ಬಸ್ಸಿನಲ್ಲಿ ಅವರಿಗೆ ಟಿಕೆಟ್ ಉಚಿತ. ಪಕ್ಕದ ತಾಲೂಕಿನಲ್ಲಿ ಆಡಿ ಹೊತ್ತು ಮುಳುಗುವ ಮೊದಲೇ ಮನೆ ಸೇರುವಂತೆ ಬೆಳಗಿನ ಆಟ ಇಟ್ಟರೆ ಎಷ್ಟೋ ತಂದೆತಾಯಿ ಬೇಡ ಅನ್ನಲ್ಲ. ಕೇಳೋರು ಬೇಕು ಅಷ್ಟೇ.

‘ಆಟದಿಂದ ಹೊಟ್ಟೆ ತುಂಬ್ತದಾ?’ ಅನ್ನುವ ಹಿರಿಯರಿಗೂ ಉತ್ತರ ಇದೆ. ನಸುಕಿನಲ್ಲಿ ಎದ್ದು ಹೊರಗೆ ಬರ್ರಿ. ಪೊಲೀಸ್ ನೇಮಕಾತಿಗೆ, ಸೈನ್ಯಕ್ಕೆ ಅಂತ ಹುಡುಗರು ಡಾಂಬರು ರಸ್ತೆ ಮೇಲೆ, ಕಬ್ಬಿನ ಟ್ರ್ಯಾಕ್ಟರ್‌ಗಳ ನಡುವೆ, ಒಬ್ಬೊಬ್ಬರೇ ಓಡ್ತಿರ್ತಾರೆ. ವಾರಕ್ಕೊಂದು ಆಟ ಇದ್ದರೆ ಅದೇ ದಮ್ಮು ಮೈದಾನದಲ್ಲಿ ಬರ್ತಿತ್ತು. ಜೊತೆಗೆ ಹತ್ತು ಜನರೊಂದಿಗೆ ಹೊಂದಿಕೊಂಡು ಹೋಗೋದು, ಸೋತು ಕೈಕುಲುಕೋದು ಬರ್ತಿತ್ತು. ಜಾತಿ ಓಣಿ ಬಿಟ್ಟು ಹೊರಗೆ ಗೆಳೆಯರು ಸಿಗ್ತಿದ್ದರು.

ನಮ್ಮ ನಾಯಕರಿಗೂ ಆಟ ಗೊತ್ತು, ಫೋಟೊ ತೆಗೆಸಿಕೊಳ್ಳುವ ಆಟ. ಎದೆ ಮೇಲೆ ತಮ್ಮ ಮುಖ ಅಚ್ಚು ಹಾಕಿಸಿದ ಜೆರ್ಸಿ ಕೊಡ್ತಾರೆ, ಗೆದ್ದು ಬಂದವರಿಗೆ ಶಾಲು ಹೊದಿಸ್ತಾರೆ. ಗೆಲ್ಲುವ ಮೊದಲು ಆ ಹುಡುಗರಿಗೆ ಆಡಲು ಜಾಗ ಎಲ್ಲಿತ್ತು ಅಂತ ಕೇಳಲ್ಲ. ಸುದ್ದಿ ಬರೆಯುವ ನಾವೂ ಶಾಲಿನ ಫೋಟೊ ಬೇಗ ಕಳಿಸ್ತೀವಿ, ಮೈದಾನದ ಜಾಲಿಮುಳ್ಳಿನ ಫೋಟೊ ಕಳಿಸಲ್ಲ.

ಬೇಡಿಕೆ ಮೂರೇ. ಒಂದು, ಮೂರು ತಾಲೂಕಿನ ಕಾಲೇಜುಗಳು ತಾವೇ ಸೇರಿ ಲೀಗ್ ಶುರು ಮಾಡಲಿ. ಅದಕ್ಕೆ ಬೆಂಗಳೂರಿನ ಅಪ್ಪಣೆ ಕಾಯಬೇಕಿಲ್ಲ. ಎರಡು, ಮಳೆ ಹಿಂದಾಗಿ ತೊಗರಿ ರಾಶಿ ಶುರುವಾಗುವ ಮೊದಲಿನ ಅಕ್ಟೋಬರ್, ನವೆಂಬರ್ ಶನಿವಾರಗಳನ್ನು ಅದಕ್ಕೆ ಮೀಸಲಿಡಲಿ, ಪರೀಕ್ಷೆ ದಿನಾಂಕ ನೋಡಿಕೊಂಡು ವೇಳಾಪಟ್ಟಿ ಮೊದಲೇ ಅಂಟಿಸಲಿ. ಮೂರು, ಕ್ರೀಡಾ ಶುಲ್ಕ ಎಷ್ಟು ಬಂತು, ಎಲ್ಲಿ ಹೋಯಿತು ಅಂತ ನೋಟಿಸ್ ಬೋರ್ಡಿಗೆ ಹಾಕಲಿ. ಹಾಕದಿದ್ದರೆ ಸರ್ಕಾರಿ ಕಾಲೇಜಿಗೆ ಹತ್ತು ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕ್ರಿ. ಅರ್ಜಿ ಬರೆಯಲು ಬರದಿದ್ದರೆ ನಮಗೆ ತಿಳಿಸ್ರಿ, ಬರೆದುಕೊಡ್ತೀವಿ.