ಸುಶಿಗೆ ಶುಲ್ಕ, ಪತ್ರೊಡೆಗೆ ಪಾರ್ಸೆಲ್

ಜಪಾನಿಗೆ ಹೋದ ನಮ್ಮವರು ಈಗ ಸುಶಿ ಕಲಿತು ಬರುತ್ತಾರೆ. ಎರಡು ಮೂರು ಗಂಟೆಯ ತರಗತಿ. ವಿನೆಗರ್, ಸಕ್ಕರೆ, ಉಪ್ಪು ಬೆರೆಸಿದ ಅನ್ನವನ್ನು ನೋರಿ ಹಾಳೆಯ ಮೇಲೆ ಹರಡಿ, ಬಿದಿರಿನ ಚಾಪೆಯಲ್ಲಿ ಸುತ್ತಿ, ಫೋಟೋ ತೆಗೆದರೆ ಮುಗಿಯಿತು. ಕಲಿಯಲಿ, ತಪ್ಪೇನಿಲ್ಲ.

ನನ್ನ ತಕರಾರು ಬೇರೆ. ಮಳೆಗಾಲದಲ್ಲಿ ಡೊಂಬಿವಲಿ, ಕಲ್ಯಾಣದ ಮಾರುಕಟ್ಟೆಗೆ ಕೆಸುವಿನ ಎಲೆ ಕಟ್ಟುಕಟ್ಟಾಗಿ ಬರುತ್ತದೆ. ಮರಾಠಿ ನೆರೆಯವರು ಕಡಲೆಹಿಟ್ಟು ಸವರಿ ಅಳೂವಡಿ ಮಾಡುತ್ತಾರೆ. ನಮ್ಮದು ಅಕ್ಕಿ, ಹುಣಸೆ, ಬೆಲ್ಲ, ಮೆಣಸು ಅರೆದು ಹಚ್ಚಿದ ಪತ್ರೊಡೆ. ಅದೂ ಸುತ್ತುವ ವಿದ್ಯೆಯೇ. ಹಿಟ್ಟು ಎಷ್ಟು ಗಟ್ಟಿ ಇರಬೇಕು, ತುರಿಕೆ ಹೋಗಲು ಹುಳಿ ಎಷ್ಟು ಬೇಕು ಎಂಬುದು ಅತ್ತೆಯ ಬೆರಳಿಗೆ ಗೊತ್ತು. ಆಕೆಯ ಪಕ್ಕದಲ್ಲಿ ಮೂರು ಗಂಟೆ ನಿಂತವರು ನಮ್ಮಲ್ಲಿ ಎಷ್ಟು ಜನ?

ಐರೋಲಿಯ ಕಚೇರಿಗಳಲ್ಲಿ ಒಬ್ಬ ರಾಜೀನಾಮೆ ಕೊಟ್ಟರೆ ವಾರಗಟ್ಟಲೆ ಕೆಟಿ ನಡೆಸುತ್ತೇವೆ. ಅಡುಗೆಮನೆಗೆ ಮಾತ್ರ ಕೆಟಿ ಇಲ್ಲ. ದುಡ್ಡು ಕೊಟ್ಟು ಕಲಿತರೆ ವಿದ್ಯೆ, ಮನೆಯ ಹೆಂಗಸರದ್ದು ಬಿಟ್ಟಿ ಚಾಕರಿ ಎಂಬ ಲೆಕ್ಕ ನಮ್ಮದು. ರಾಮ ನಾಯಕರು 1942ರಲ್ಲಿ ಮಾಟುಂಗದಲ್ಲಿ ಉಡುಪಿ ಶ್ರೀಕೃಷ್ಣ ಬೋರ್ಡಿಂಗ್ ತೆರೆದರು. ಅಂಥವರ ಅಡುಗೆಯೇ ಮುಂಬಯಿಯಲ್ಲಿ ನಮಗೆ ಹೆಸರು ತಂದಿತು. ಇಂದು ನಾವು ಅದರ ಗಿರಾಕಿಗಳು ಮಾತ್ರ.

ಸಂಘಗಳೇ, ಶಾಲು ಹೊದಿಸುವ ಒಂದು ಕಾರ್ಯಕ್ರಮ ಕಡಿಮೆ ಮಾಡಿ. ಆಟಿಯ ಒಂದು ಭಾನುವಾರ ಈ ಹಿರಿಯರನ್ನು ಗುರುಗಳಾಗಿ ಕರೆಸಿ, ಶುಲ್ಕ ಇಡಿ, ಅದನ್ನು ಅವರಿಗೇ ಕೊಡಿ. ಗಂಡಸರೂ ಬರಲಿ. ಜಪಾನಿನಲ್ಲಿ ತೆತ್ತದ್ದರ ಕಾಲುಭಾಗ ಕೊಡಲೂ ಮನಸ್ಸಿಲ್ಲದಿದ್ದರೆ, ‘ಅಮ್ಮನ ಕೈರುಚಿ’ ಎಂದು ಹಲುಬುವುದನ್ನಾದರೂ ನಿಲ್ಲಿಸೋಣ.